ಗಡಿಯಪ್ಪನ ಕೊನೆಯ ಎರಡು ಸಾಲು

ಕಳೆದ ಭಾನುವಾರ ಬೆಳಿಗ್ಗೆಯೆಲ್ಲ ನಾನು ಒಂದು ಕಣಗಿಲೆ ಹೂವು ಯಾವ ಕಡೆಗೆ ಬೀಳುತ್ತದೆ ಎಂದು ನೋಡುತ್ತ ನಿಂತಿದ್ದೆ. ಕೆಲಸವಿಲ್ಲದವನು ಎಂದಿರಾ? ಮನೆಯಲ್ಲೂ ಅದನ್ನೇ ಅಂದರು.

ತಪ್ಪು ರಾಚಪ್ಪ ಮೇಷ್ಟ್ರದು. ಟಿ. ನರಸೀಪುರದಲ್ಲಿ ಹಿಸ್ಟರಿ ಲೆಕ್ಚರರ್ ಆಗಿದ್ದು ರಿಟೈರಾದವರು. ರಾಜರನ್ನು ಕಂಡರೆ ಅವರಿಗಾಗದು. "ರಾಜರ ಮೇಲೆ ಬರೆಯೋಕೆ ಸಾಲುಗಟ್ಟಿ ನಿಂತವ್ರೆ ಕಣಯ್ಯ. ಗಡಿ ಕಾಯ್ತಾ ಸತ್ತೋರ್ನ ಕೇಳೋರ್ಯಾರು?" ಕೊಂಗುನಾಡಿನ ಕಡೆಯ ಹಳೇ ಗಡಿಯಲ್ಲಿ ದನಗಳ್ಳರನ್ನು ತಡೆದು ಸತ್ತವರ ಮೇಲೊಂದು ಪುಸ್ತಕ ಬರೆಯಲೆಂದು, ವೀರಗಲ್ಲಿಂದ ವೀರಗಲ್ಲಿಗೆ ಸ್ಕೂಟರಿನಲ್ಲಿ ತಿರುಗುತ್ತಾರೆ. ಹಿಂದಿನ ಸೀಟು ನನ್ನದು. (ಪಂಕ್ಚರ್ ಆದರೆ ಎಂಬ ಚಿಂತೆಯೂ ನನ್ನದೇ.)

ಈ ಸಲದ್ದು ಬಿಳಿಗೆರೆ ಆಚೆಯ ಒಂದು ಹಳ್ಳಿ. (ಹೆಸರು ಬರೆಯುವ ಧೈರ್ಯ ನನಗಿಲ್ಲ.) ಅಲ್ಲಿನ ವೀರಗಲ್ಲು ಊರಿನವರಿಗೆ ಗಡಿಯಪ್ಪ ದೇವರು. ನಾಲ್ಕೂ ಬೀದಿಯವರು ಅದೊಂದೇ ಕಲ್ಲಿಗೆ ಎಣ್ಣೆ ಹಾಕುತ್ತಾರೆ, ಯಾರು ಮೊದಲು ಎಂಬ ಜಗಳವಿಲ್ಲದೆ. ಈ ಕಾಲದಲ್ಲಿ ಇದು ಸಣ್ಣ ಮಾತೇ? ಗುಡಿಗೀಗ ಟೈಲ್ಸ್ ಹಾಕಿಸುತ್ತಿದ್ದರು. ಸೋಮವಾರ ನೆಲ ಎತ್ತರವಾದರೆ ಕಲ್ಲಿನ ಕೊನೆಯ ಎರಡು ಸಾಲು ಸಿಮೆಂಟಿನ ಕೆಳಗೆ. ಸತ್ತವನ ಹೆಸರು ಇರುವುದು ಅಲ್ಲೇ ಎಂದು ಮೇಷ್ಟ್ರ ಅಂದಾಜು.

ಓದಬೇಕಾದರೆ ಜಿಡ್ಡು ತೊಳೆದು, ಒದ್ದೆ ಕಾಗದ ಹಚ್ಚಿ, ಬ್ರಷ್ಷಿನಿಂದ ಬಡಿದು, ಮಸಿ ಒತ್ತಿ ಅಚ್ಚು ತೆಗೆಯಬೇಕು. ಆದರೆ ದೇವರ ಮೈಮೇಲಿನ ಎಣ್ಣೆ ತೊಳೆಯಲು ಯಾರ ಅಪ್ಪಣೆ ಕೇಳುವುದು?

"ಅವನ್ನೇ ಕೇಳವ" ಎಂದರು ದಿನಾ ಪೂಜೆ ಮಾಡುವ ದೊಡ್ಡತಾಯಮ್ಮ. ಕಲ್ಲಿನ ನೆತ್ತಿಗೆ ಒದ್ದೆ ಹೂವು ಅಂಟಿಸಿದರು. ಬಲಕ್ಕೆ ಬಿದ್ದರೆ ಒಪ್ಪಿಗೆ, ಎಡಕ್ಕೆ ಬಿದ್ದರೆ ಇಲ್ಲ.

ಹೂವು ಬೀಳಲೇ ಇಲ್ಲ. ಅಷ್ಟೊಂದು ಜಿಡ್ಡು. ಗಾರೆಯವನು ಬೀಡಿ ಹಚ್ಚಿದ. ದೇವರನ್ನು ನಂಬದ ಮೇಷ್ಟ್ರು ಕೈಮುಗಿದೇ ನಿಂತಿದ್ದರು. ನನಗೋ, ಎಡಕ್ಕೆ ಬಿದ್ದರೆ ಎಂಬ ಭಯ. ಬಲಕ್ಕೆ ಬಿದ್ದು, ತೊಳೆಯುವಾಗ ಗಡಿಯಪ್ಪನ ಮೂಗು ಮುಕ್ಕಾದರೆ ಎಂಬ ಭಯ.

ಕೊನೆಗೆ ದೊಡ್ಡತಾಯಮ್ಮ ಗದರಿದರು. "ಏನ್ಲಾ ಗಡಿಯಪ್ಪ, ನಿನ್ನ ಎಸ್ರು ಯೋಳಕೂ ನಾಚ್ಕೆಯಾ? ದೂರದಿಂದ ಬಂದವ್ರೆ, ಉಂಡೂ ಇಲ್ಲ."

ಬಲಕ್ಕೆ ಬಿತ್ತು.

ಮಧ್ಯಾಹ್ನಕ್ಕೆ ಕಾಗದ ಬಿಡಿಸಿದರು. ಕಪ್ಪಿನ ನಡುವೆ ಬಿಳಿ ಅಕ್ಷರ. ಮೇಷ್ಟ್ರು ಓದಿದರು, ಮತ್ತೆ ಓದಿದರು, ಸುತ್ತಿ ಕಂಕುಳಿಗೆ ಸೇರಿಸಿದರು.

"ಯಾರಂತೆ ಸಾ?" ಎಂದರು ಊರಿನ ಯಜಮಾನ ಮಾದಪ್ಪ.

"ನಿಮ್ಮೂರ ದನ ಬಿಡಿಸ್ಕೊಂಡು ಬರೋವಾಗ ಗಡೀಲಿ ಸತ್ತೋನು."

"ಅದು ಸರಿ ಕಣಿ ಸಾ. ಯಾವ ಬೀದಿಯೋನು?"

(ನಮ್ಮ ಕಡೆ ಬೀದಿ ಕೇಳಿದರೆ ಜಾತಿ ಕೇಳಿದಂತೆ.) ಅಷ್ಟು ಹೊತ್ತು ಕಲೆತು ನಿಂತಿದ್ದ ಜನ ಹತ್ತಿರ ಸರಿದರು. ಸರಿಯುವಾಗ ಬೀದಿ ಬೀದಿಯಾಗಿ ಸರಿದರು.

"ಇನ್ನೂ ಸರಿಯಾಗಿ ನೋಡ್ಬೇಕು" ಎಂದ ಮೇಷ್ಟ್ರು ಸ್ಕೂಟರ್ ಒದ್ದರು.

ನಂಜನಗೂಡಿನಲ್ಲಿ ಟೀ ಕುಡಿಯುವಾಗ ಕೇಳಿದೆ. ಹೆಸರೂ ಇದೆ, ಕುಲಕಸುಬೂ ಇದೆ, ಸ್ಪಷ್ಟವಾಗಿದೆ ಎಂದರು.

"ಮತ್ತೇನು, ಬುಕ್ಕಿಗೆ ಹಾಕಿ."

"ಹಾಕಿದ್ರೆ, ನಮ್ಮೋನು ಅಂತ ಒಂದು ಬೀದಿಯೋರು ಗುಡಿಗೆ ಬೀಗ ಹಾಕ್ತಾರೆ. ಇಲ್ಲಾ, ನಮ್ಮೋನಲ್ಲ ಅಂತ ಮೂರು ಬೀದಿಯೋರು ಎಣ್ಣೆ ನಿಲ್ಲಿಸ್ತಾರೆ. ಹಾಕದೇ ಇದ್ರೆ, ಅವನ ಹೆಸರನ್ನ ನಾನೇ ಹೂತಂಗೆ ಕಣಯ್ಯ." ಟೀ ಆರಿಹೋಯಿತು.

ಸೋಮವಾರ ಟೈಲ್ಸ್ ಕೂತಿತು. ಈಗ ಆ ಸಾಲುಗಳಿರುವುದು ಮೇಷ್ಟ್ರ ಬೀರುವಿನಲ್ಲಿ ಮಾತ್ರ. ಅವರಿಗೆ ನಿದ್ದೆಯಿಲ್ಲ. ಗೆದ್ದಲು ಹಿಡಿದರೆ ಎಂದು ನನಗೂ ಇಲ್ಲ. ದಿನಾ ಫೋನ್ ಮಾಡಿ ಪೀಡಿಸಿದೆ: ಆ ಬಡಪಾಯಿಯ ಹೆಸರನ್ನು ನನಗಾದರೂ ಹೇಳಿ, ಹೆಸರು ಅಷ್ಟೇ. ನಿನ್ನೆ ಸೋತು ಹೇಳಿದರು. ನೂರಾರು ವರ್ಷದ ಮೇಲೆ ಒಬ್ಬ ಮನುಷ್ಯನಿಗೆ ಅವನ ಹೆಸರು ಸಿಕ್ಕಿತಲ್ಲ ಎಂದು ಸಮಾಧಾನದಿಂದ ಫೋನಿಟ್ಟೆ.

ಇಟ್ಟವನು ಕೂಡಲೇ ಎತ್ತಿ ಮತ್ತೆ ಅದೇ ನಂಬರ್ ತಿರುಗಿಸಿ ಕೇಳಿದೆ: "ಮೇಷ್ಟ್ರೇ, ಆ ಹೆಸರು ಇಟ್ಕೊಳ್ತಿದ್ದೋರು ಯಾವ ಬೀದಿಯೋರು?"