ಜಲಜಕ್ಕ ದನಿ ಕೊಟ್ಟ ಮನೆಗಳು

ಹಳೆಯ ಗಾರೆ ಗೋಡೆಯನ್ನು ಕೆಡವಿ, ದೂಳಡಗಲು ನೀರು ಚಿಮುಕಿಸಿದಾಗ ಏಳುವ ವಾಸನೆಯನ್ನು ಒಮ್ಮೆ ಮೂಸಿದವರು ಮರೆಯುವುದಿಲ್ಲ. ಸುಣ್ಣ, ಇಟ್ಟಿಗೆಪುಡಿ, ಎಷ್ಟೋ ಮಳೆಗಾಲಗಳ ತೇವ, ಅಡುಗೆಮನೆಯ ಮಸಿ, ಎಲ್ಲವೂ ಅದರಲ್ಲಿ ಇರುತ್ತವೆ. ಕಳೆದ ವಾರ ಕೋಲ್ಕತ್ತಾದ ಕಸ್ಬಾದಲ್ಲಿ ಶಾಪಿಂಗ್ ಮಾಲಿನ ಹಿಂದಿನ ಗಲ್ಲಿಯಲ್ಲಿ ನಡೆಯುವಾಗ ಅದು ಮೂಗಿಗೆ ಬಡಿಯಿತು. ತಗಡಿನ ಬೇಲಿಯ ಆಚೆ ಯಾರದೋ ಮನೆ ಬೀಳುತ್ತಿತ್ತು. ನನಗೆ ನೆನಪಾದದ್ದು ನಮ್ಮ ಮನೆ.

ನಮ್ಮದು ಅಂದರೂ ಅದು ಬಾಡಿಗೆಯ ಮನೆ. ದಕ್ಷಿಣ ಕೋಲ್ಕತ್ತಾದ ಒಂದು ಓಣಿಯಲ್ಲಿ, ಕೆಳಗೆ ರಸ್ತೆಯ ಕಡೆಗೆ ಉಡುಪಿಯಿಂದ ಬಂದ ಅಪ್ಪನ ಹೋಟೆಲು, ಒಳಗೆ ಅಂಗಳ, ಅಂಗಳದ ಸುತ್ತ ಕಂಬಗಳ ಜಗಲಿ, ಮೇಲೆ ಒಂದು ಬದಿಗೆ ನಾವು, ಇನ್ನೊಂದು ಬದಿಗೆ ಮನೆಯ ಒಡತಿ. ಆ ಮುದುಕಿಯನ್ನು ನಾವು ದಿದಾ ಎನ್ನುತ್ತಿದ್ದೆವು, ಬಂಗಾಳಿಯಲ್ಲಿ ಅಜ್ಜಿ. ಕೆಂಪು ಸಿಮೆಂಟಿನ ನೆಲ ಬೇಸಗೆಯಲ್ಲೂ ತಣ್ಣಗಿರುತ್ತಿತ್ತು. ಮಧ್ಯಾಹ್ನ ಹಸಿರು ಕಿಟಕಿಯ ಮರದ ಪಟ್ಟಿಗಳನ್ನು ಅಮ್ಮ ಇಳಿಸಿದರೆ, ಮಲಗಿದವರ ಬೆನ್ನ ಮೇಲೆಲ್ಲ ಬಿಸಿಲಿನ ಗೆರೆಗಳು. ನಮ್ಮ ಒಗ್ಗರಣೆಯ ಇಂಗು ಅತ್ತ ಹೋಗುತ್ತಿತ್ತು, ಅವರ ಸಾಸಿವೆ ಎಣ್ಣೆಯ ಘಾಟು ಇತ್ತ ಬರುತ್ತಿತ್ತು. ಎರಡೂ ಅಂಗಳದ ನಡುವೆ ಕೂಡಿಕೊಳ್ಳುತ್ತಿದ್ದವು. ನನ್ನ ಅಕ್ಕ ಜಲಜ ಆ ಮನೆಯನ್ನು ಸುಮ್ಮನೆ ಬಿಟ್ಟವಳಲ್ಲ. ಅಮ್ಮನ ರವಿಕೆ ಅಳತೆಯ ಟೇಪಿನಿಂದ ಅವಳು ಕಂಬಗಳ ಸುತ್ತಳತೆ ತೆಗೆಯುತ್ತಿದ್ದಳು. "ಕಂಬಕ್ಕೂ ರವಿಕೆ ಹೊಲೀತೀಯೇನೇ ಮಾರಾಯ್ತಿ?" ಎಂದು ಅಮ್ಮ ಟೇಪು ಕಿತ್ತುಕೊಳ್ಳುತ್ತಿದ್ದರು.

ದಿದಾ ತೀರಿಕೊಂಡ ಮೇಲೆ ಅವರ ವಾರಸುದಾರರು ಮನೆಯನ್ನು ಮಾರಿದರು. ನಾವು ಎರಡು ಬೀದಿ ಆಚೆಯ ಫ್ಲ್ಯಾಟಿಗೆ ಹೋದೆವು. ಹೋಟೆಲಿಗೆ ಬೇರೆ ಜಾಗ ಸಿಕ್ಕಿತು. ಅಮ್ಮ ಮಾತ್ರ ಆ ಓಣಿಯ ಕಡೆ ತಲೆ ಹಾಕಲಿಲ್ಲ. ಆಗ ಕಾಲೇಜಿನಲ್ಲಿದ್ದ ಜಲಜಕ್ಕ ದಿನವೂ ಎದುರಿನ ಕಟ್ಟೆಯ ಮೇಲೆ ನಿಂತು ಮನೆ ಬೀಳುವುದನ್ನು ನೋಡಿ, ಸಂಜೆ ಬಂದು ಅಮ್ಮನಿಗೆ ಹೇಳುತ್ತಿದ್ದಳು.

"ಅಡುಗೆಮನೆ ಗೋಡೆ ಬಿತ್ತಾ?"

"ಬಿತ್ತು. ಒಳಗೆ ಮಸಿ ಇಷ್ಟು ದಪ್ಪ ಉಂಟು ಅಮ್ಮ."

"ಅದು ನನ್ನದಲ್ಲ. ನನಗಿಂತ ಮೊದಲು ಇದ್ದವರದ್ದು," ಎಂದರು ಅಮ್ಮ. ಆಮೇಲೆ ಮೆಟ್ಟಿಲಿನ ಬಗ್ಗೆ ಕೇಳಿದರು.

ಅಕ್ಕ ಚರಿತ್ರೆ ಓದಿದಳು, ಕಟ್ಟಡಗಳ ಚರಿತ್ರೆಯಲ್ಲೇ ಸಂಶೋಧನೆ ಮಾಡಿದಳು, ಪಾಠ ಹೇಳಿದಳು. ಅವಳ ಬರಹದಲ್ಲಿ ಅರಮನೆಗಳಿಗಿಂತ ಅಡುಗೆಮನೆಗಳು ಹೆಚ್ಚು: ಹೊಗೆ ಎಲ್ಲಿಂದ ಹೋಗುತ್ತಿತ್ತು, ಬಾಣಂತಿ ಎಲ್ಲಿ ಮಲಗುತ್ತಿದ್ದಳು, ಅಳಬೇಕಾದವರು ಯಾವ ಮೂಲೆಗೆ ಹೋಗುತ್ತಿದ್ದರು. ಇದನ್ನೇ ರೇಡಿಯೊದಲ್ಲಿ ಹೇಳುತ್ತೇನೆಂದು ಹೊರಟಾಗ ನಿಲಯದ ಅಧಿಕಾರಿ ನಕ್ಕರಂತೆ. "ಕಟ್ಟಡ ನೋಡುವಂಥದ್ದು. ಕೇಳುವವರು ಯಾರು?" ಅಕ್ಕ ಹೇಳಿದಳಂತೆ, "ಕಣ್ಣು ಮುಚ್ಚಿ, ನೀವು ಹುಟ್ಟಿದ ಮನೆಯ ಮೆಟ್ಟಿಲು ಹತ್ತಿ ನೋಡಿ." ಆತ ಮುಚ್ಚಿದ ಕಣ್ಣನ್ನು ತುಸು ಹೊತ್ತು ತೆರೆಯಲಿಲ್ಲವಂತೆ. ಭಾನುವಾರದ ಬೆಳಗು ಅವಳದಾಯಿತು. ಮನೆಯಲ್ಲಿ ಅಮ್ಮನ ಅಭಿನಂದನೆ ಹೀಗಿತ್ತು: "ಮನೆ ನೋಡ್ಲಿಕ್ಕೆ ಸಂಬಳ ಕೊಡ್ತಾರಾ? ನಾನು ಇಷ್ಟು ವರ್ಷ ಪುಕ್ಕಟೆ ನೋಡಿದೆನಲ್ಲ!" ಕೆಲವು ವರ್ಷಗಳಲ್ಲಿ ಹೌರಾ ಸ್ಟೇಷನ್ನಿನ ಟ್ಯಾಕ್ಸಿಯವರೂ ಅವಳ ದನಿಯ ಗುರುತು ಹಿಡಿದು, "ದೀದಿ, ನಮ್ಮ ಮನೆಗೆ ಯಾವಾಗ ಬರ್ತೀರಿ?" ಎಂದು ಕೇಳುವಂತಾಯಿತು.

ಆದರೆ ಅವಳು ದನಿ ಕೊಟ್ಟ ಮನೆಗಳು ಬೀಳುತ್ತಲೇ ಇದ್ದವು. ಜನ ಕೇಳಿ ಕಣ್ಣೊರೆಸಿಕೊಳ್ಳುತ್ತಿದ್ದರು, ಮತ್ತೆ ಮಾರಾಟದ ಕಾಗದಕ್ಕೆ ಸಹಿ ಹಾಕುತ್ತಿದ್ದರು. "ನಾನು ಶ್ರಾದ್ಧದ ಭಟ್ಟರ ಹಾಗೆ ಆಗಿದ್ದೇನೆ ವಿಜ್ಜಿ. ಸತ್ತ ಮೇಲೆಯೇ ಕರೀತಾರೆ," ಎಂದು ಒಮ್ಮೆ ನನ್ನೆದುರು ಹೇಳಿದಳು. ಒಂದು ಮನೆಯಾದರೂ ಉಳಿಯಬೇಕು ಎಂಬುದು ಅವಳಿಗೆ ಹಟವಾಯಿತು.

ಉತ್ತರ ಕೋಲ್ಕತ್ತಾದ ಒಂದು ಮನೆಗೆ ಅವಳ ಜೊತೆ ನಾನೂ ಹೋಗಿದ್ದೆ. ಅಲ್ಲಿ ಇದ್ದವರು ಅಣ್ಣತಮ್ಮಂದಿರಿಬ್ಬರು, ಇಬ್ಬರಿಗೂ ತಲೆ ನೆರೆತಿತ್ತು. ಪಾಲಾದಾಗ ಉದ್ದನೆಯ ಕಂಬದ ಜಗಲಿಯ ನಡುವೆ ಗೋಡೆ ಎಬ್ಬಿಸಿ, ಅಂದಿನಿಂದ ಮಾತು ಬಿಟ್ಟಿದ್ದರು. ಅವರು ಒಪ್ಪಿಕೊಂಡಿದ್ದ ಒಂದೇ ಸಂಗತಿ, ಸೋಮವಾರ ಬಿಲ್ಡರನಿಗೆ ಮನೆ ಬರೆದುಕೊಡುವುದು. ಭಾನುವಾರ ಅಕ್ಕನ ಕಾರ್ಯಕ್ರಮ, ಅಲ್ಲಿಂದಲೇ ನೇರಪ್ರಸಾರ. ಅಣ್ಣನ ಕಡೆಯಿಂದ ತಮ್ಮನ ಕಡೆಗೆ ಹೋಗಲು ಒಳದಾರಿ ಇರಲಿಲ್ಲ. ಬೀದಿಗೆ ಇಳಿದು ಸುತ್ತಿ ಬರಬೇಕಿತ್ತು. ಅಕ್ಕ ಮೊದಲು ಅಣ್ಣನನ್ನು ಕೇಳಿದಳು: ಚಿಕ್ಕವರಿದ್ದಾಗ ಊಟಕ್ಕೆ ಎಲ್ಲಿ ಕೂರುತ್ತಿದ್ದಿರಿ? ಮಾತು ನಡೆದದ್ದು ಬಂಗಾಳಿಯಲ್ಲಿ. ಕನ್ನಡಕ್ಕೆ ತಂದು ಬರೆಯುತ್ತಿದ್ದೇನೆ.

"ಇಲ್ಲೇ, ಈ ಕಂಬಕ್ಕೆ ಒರಗಿ. ಅಮ್ಮ ಬಡಿಸ್ತಾ ಬರ್ತಿದ್ದದ್ದು ಈ ತುದಿಯಿಂದ. ಮೀನಿನ ತಲೆ ಮೊದಲು ನನ್ನ ತಟ್ಟೆಗೆ."

ಗೋಡೆಯ ಆಚೆ ತಮ್ಮ ತನ್ನ ರೇಡಿಯೊ ಹಾಕಿಕೊಂಡು ಕೂತಿದ್ದರು. ಅಲ್ಲಿಂದ ಒಂದು ಕೂಗು ಕೇಳಿತು.

"ಸುಳ್ಳು! ಶುದ್ಧ ಸುಳ್ಳು! ಮೀನಿನ ತಲೆ ಯಾವತ್ತೂ ನನಗೇ!"

ಅಣ್ಣ ಮೈಕನ್ನು ಮರೆತರು. "ನಿನಗೆ ಮುಳ್ಳು ತೆಗೆಯೋಕೂ ಬರ್ತಿರಲಿಲ್ಲವಲ್ಲೋ! ತೆಗೆದುಕೊಟ್ಟವರು ಯಾರು?"

"ತೆಗೆದುಕೊಡ್ತೀನಿ ಅಂತ ಅರ್ಧ ತಿಂದವರು ಯಾರು?"

ಸ್ಟುಡಿಯೊದಿಂದ ಫೋನು ಬಂತು: ಜಗಳ ಪ್ರಸಾರವಾಗುತ್ತಿದೆ, ನಿಲ್ಲಿಸಿ. ಅಕ್ಕ ಫೋನನ್ನು ನನ್ನ ಕೈಗೆ ಕೊಟ್ಟು, ಮೈಕನ್ನು ಗೋಡೆಗೆ ಒಡ್ಡಿದಳು. ಅಷ್ಟು ವರ್ಷ ಮಾತಿನಿಂದ ಆಗದ ಕೆಲಸವನ್ನು ಅವಳು ಅಂದು ಬಾಯಿ ಮುಚ್ಚಿ ಮಾಡಿದಳು. ಆಚೆ ಸದ್ದು ನಿಂತಿತು. ಸ್ವಲ್ಪ ಹೊತ್ತಿಗೆ ಬೀದಿಯ ಬಾಗಿಲಿನಲ್ಲಿ ಚಪ್ಪಲಿ ಸದ್ದು. ಲುಂಗಿಯಲ್ಲೇ ಸುತ್ತಿ ಬಂದಿದ್ದ ತಮ್ಮ ಏದುಸಿರು ಬಿಡುತ್ತ ಕಂಬದತ್ತ ಬೆರಳು ತೋರಿಸಿದರು. "ಏಳಿ ದಾದಾ. ಅದು ನನ್ನ ಜಾಗ." ಅಣ್ಣ ಏಳಲಿಲ್ಲ. ಪಕ್ಕಕ್ಕೆ ಸರಿದು ಕೂತರು.

ಸೋಮವಾರ ಸಹಿ ಬೀಳಲಿಲ್ಲ. ಬಿಲ್ಡರ್ ಎರಡು ಸಲ ಬಂದು ಚಹಾ ಕುಡಿದು ಹೋದ. ಆ ವರ್ಷವೇ ಅಣ್ಣತಮ್ಮಂದಿರು ಗೋಡೆ ತೆಗೆಸಿದರು. ಪಟ್ಟಣದ ಪಾರಂಪರಿಕ ಕಟ್ಟಡಗಳ ಸಾಲಿಗೆ ಮನೆ ಸೇರಿತು. ಅದನ್ನು ಕೇಳಿ ಆ ಓಣಿಯಲ್ಲಿ ಇನ್ನೂ ಕೆಲವರು ತಮ್ಮ ಮನೆಗಳನ್ನು ಉಳಿಸಿಕೊಂಡರು. ಅಕ್ಕನಿಗೆ ಸನ್ಮಾನಗಳು ಬಂದವು, ಶಾಲುಗಳು ಬಂದವು. ಆದರೆ ಅವಳ ಮುಖದಲ್ಲಿ ನಾನು ಕಂಡ ಗೆಲುವು ಗೋಡೆ ತೆಗೆದ ದಿನದ್ದು. ಕೆಂಪು ನೆಲದಲ್ಲಿ ಗೋಡೆ ನಿಂತಿದ್ದ ಜಾಗ ಬಿಳಚಿಕೊಂಡ ಪಟ್ಟಿಯಾಗಿ ಉಳಿದಿತ್ತು. ಮೇಸ್ತ್ರಿ ಅದಕ್ಕೂ ಕೆಂಪು ಬಳಿಯಲು ಹೊರಟಾಗ ಅಕ್ಕ ತಡೆದಳು. "ಬಿಡಿ, ಅದೂ ಈ ಮನೆಯದ್ದೇ."

ಜಲಜಕ್ಕ ತೀರಿಹೋಗಿ ಎರಡು ಚಳಿಗಾಲ ಕಳೆದವು. ಈ ಸಲ ಸರಸ್ವತಿ ಪೂಜೆಗೆ ಆ ಮನೆಯವರು ನನ್ನನ್ನು ಕರೆದಿದ್ದರು. ಜಗಲಿಯ ಉದ್ದಕ್ಕೂ ಒಂದೇ ಪಂಕ್ತಿ. ಮುದುಕರಿಬ್ಬರೂ ಒಂದೇ ಕಂಬಕ್ಕೆ ಒರಗಿದ್ದರು. ಹಳದಿ ಸೀರೆ ಸುತ್ತಿದ್ದ ಪುಟ್ಟ ಹುಡುಗಿಯೊಬ್ಬಳು, ತಮ್ಮನ ಮೊಮ್ಮಗಳಂತೆ, ಜಾಗ ಹುಡುಕಿ ಬಂದು ಆ ಬಿಳಿ ಪಟ್ಟಿಯ ಮೇಲೆಯೇ ಕೂತಳು. ಅದು ಏನೆಂದು ಅವಳು ಕೇಳಲಿಲ್ಲ, ಯಾರೂ ಹೇಳಲಿಲ್ಲ. ಬಡಿಸುವವರು ಸಾಲಿನ ಆ ತುದಿಯಿಂದ ಬರುತ್ತಿದ್ದರು. ಅವಳು ತಟ್ಟೆ ನೇರ ಮಾಡಿಕೊಂಡು ಕಾದಳು.