ನಡಿಗೆಗೆ ಮೊದಲೇ ಬಂದ ಸಂಗೀತ

...ಅಥವಾ ಆತ ಹಾಗೆ ಮಾಡಿಯೇ ಇರಲಿಲ್ಲವೇನೋ. ಇಟಲಿಯ ಸಂಗೀತ ನಿರ್ದೇಶಕನೊಬ್ಬ ಚಿತ್ರೀಕರಣಕ್ಕೂ ಮುಂಚೆ, ಬರೀ ಕಥೆ ಕೇಳಿ ಸಂಗೀತ ಬರೆಯುತ್ತಿದ್ದ, ಅದನ್ನು ಸೆಟ್‌ನಲ್ಲಿ ಹಾಕಿ ನಟರನ್ನು ನಡೆಸುತ್ತಿದ್ದರು ಎಂದು ಎಲ್ಲೋ ಕೇಳಿದ್ದೆ. ಇಂದಿರಾನಗರದಲ್ಲಿ ಒಂದು ಸಿನಿಮಾ ನೋಡಿ ಹೊರಬರುವಾಗ ಎಂದು ನೆನಪು. ನೆನಪು ಇಷ್ಟು ಚೊಕ್ಕವಾಗಿದ್ದರೆ ನನಗೆ ಅನುಮಾನ. ಅರ್ಧ ನಾನೇ ಸೇರಿಸಿದ್ದಿರಬಹುದು.

ನಿಜವೋ ಸುಳ್ಳೋ, ಮಾಡಿ ನೋಡಬೇಕೆನಿಸಿತು. ಆಗ ನಾನೊಂದು ಕಿರುಚಿತ್ರ ಮಾಡುತ್ತಿದ್ದೆ. ಸಂಗೀತಕ್ಕೆ ಒಪ್ಪಿದ್ದವನು ಶಿವಾಜಿನಗರದ ಚರ್ಚಿನಲ್ಲಿ ಕೀಬೋರ್ಡ್ ನುಡಿಸುವ ಗೆಳೆಯ. ಸಿನಿಮಾಕ್ಕೆ ಅದು ಅವನ ಮೊದಲ ಕೆಲಸ, ನೆಂಟರಿಗೆಲ್ಲ ಹೇಳಿಕೊಂಡಿದ್ದ.

“ಪಿಕ್ಚರ್ ನೋಡ್ದೆ ಹೆಂಗ್ ಗುರು ಮ್ಯೂಸಿಕ್ ಮಾಡ್ಲಿ?”

“ಕಥೆ ಹೇಳ್ತೀನಿ ಕೇಳು. ಅಕ್ಕನ ಜೊತೆ ಜಗಳ ಆಡಿ ಒಬ್ಳು ಮನೆ ಬಿಟ್ಟು ಹೊರಡ್ತಾಳೆ. ಗಲ್ಲೀಲಿ ನಡೀತಾಳೆ. ಅಷ್ಟೇ.”

“ಕೋಪದಲ್ಲಾ, ದುಃಖದಲ್ಲಾ?”

“ಅದನ್ನ ನೀನೇ ಹೇಳ್ಬೇಕು.”

“ಒಳ್ಳೇ ಡೈರೆಕ್ಟರ್ ಸಿಕ್ಕಿದೀಯ ಮಗಾ!”

ಬೈದುಕೊಂಡೇ ಒಂದು ಟ್ಯೂನ್ ತಂದ. ನಿಧಾನವಾಗಿ ಹೋಗಿ, ಏನೋ ಮರೆತವರಂತೆ ನಡುವೆ ನಿಂತು, ಮತ್ತೆ ಹೊರಡುತ್ತಿತ್ತು.

ಮರ್ಫಿ ಟೌನಿನ ಗಲ್ಲಿಯಲ್ಲಿ ಸ್ಪೀಕರ್ ಇಟ್ಟು ಅದನ್ನು ಜೋರಾಗಿ ಹಾಕಿದೆವು. ನಟಿಯಾಗಿ ಬಂದವರು ವಿಮಾ ಕಚೇರಿಯ ಉದ್ಯೋಗಿ, ರಜೆಯಲ್ಲಿ ನಾಟಕ ಮಾಡುತ್ತಿದ್ದವರು. ತಿರುವಿನ ತನಕ ನಡೆದರು, ನಿಂತರು, ಹಿಂದಿರುಗಿ ನೋಡುವಂತೆ ಕತ್ತು ಹೊರಳಿಸಿ ಮತ್ತೆ ಹೊರಟರು. ಗೆಳೆಯ ನನ್ನ ತೋಳು ಹಿಂಡಿದ: “ನೋಡ್ದಾ? ಕರೆಕ್ಟಾಗಿ ಅಲ್ಲೇ ನಿಂತ್ರು!”

ಎಡಿಟಿಂಗಿಗೆ ಕಗ್ಗದಾಸಪುರದ ನನ್ನ ಕೋಣೆಯಲ್ಲಿ ನಾನು, ಗೆಳೆಯ, ನಟಿ ಮೂವರೂ ಕೂತೆವು. ನಡಿಗೆಯ ಮೇಲೆ ಟ್ಯೂನ್ ಇಟ್ಟರೆ ಒಂದೇ ಮಾತನ್ನು ಎರಡು ಸಲ ಹೇಳಿದಂತಿತ್ತು. ಗೆಳೆಯನೇ ಕೈ ಚಾಚಿ ಸಂಗೀತ ನಿಲ್ಲಿಸಿ, ನಾವು ಬೇರೆಯಾಗಿ ರೆಕಾರ್ಡ್ ಮಾಡಿದ್ದ ಗಲ್ಲಿಯ ಸದ್ದನ್ನಷ್ಟೇ ಹಾಕಿದ. ದೃಶ್ಯ ಎದ್ದು ಕೂತಿತು.

“ತೆಗೆದ್ಬಿಡು. ಅವ್ರ ನಡಿಗೇಲೇ ಇದೆ ನನ್ ಟ್ಯೂನು.”

ನಟಿ ನಕ್ಕರು. “ಅಯ್ಯೋ, ನಾನೆಲ್ಲಿ ಟ್ಯೂನ್ ಕೇಳ್ದೆ? ನಿಮ್ಮ ಸ್ಪೀಕರ್ ಗಲಾಟೇಲಿ ಹಿಂದೆ ಆಟೋ ಬಂದ್ರೂ ಗೊತ್ತಾಗ್ತಿರ್ಲಿಲ್ಲ ರೀ. ತಿರುವಲ್ಲಿ ಹೆದರ್ಕೊಂಡು ನಿಂತೆ!”

“ಹಂಗಾದ್ರೆ ಟೈಟಲ್‌ನಲ್ಲಿ ‘ಸಂಗೀತ: ಆಟೋ’ ಅಂತ ಹಾಕು,” ಎಂದ ಗೆಳೆಯ.

“ಟ್ಯೂನ್ ವಾಪಸ್ ಹಾಕೋಣ್ವಾ?” ಎಂದೆ.

“ಬೇಡ.”

ಹೀಗೆ ಟೈಟಲ್‌ನಲ್ಲಿ ಅವನ ಹೆಸರು ಉಳಿಯಿತು, ಟ್ಯೂನ್ ಉಳಿಯಲಿಲ್ಲ. ಪ್ರದರ್ಶನಕ್ಕೆ ಅವನ ತಾಯಿ ಬಂದಿದ್ದರು. ಮುಗಿದ ಮೇಲೆ, ನೀನು ನುಡಿಸಿದ್ದು ಯಾವಾಗ ಬಂತು ಎಂದು ತಮಿಳಿನಲ್ಲಿ ಕೇಳಿದರು. ಆ ಹುಡುಗಿ ನಡೆಯುವಾಗ ಎಂದ. ಅವರು ತಲೆಯಾಡಿಸಿ, ಚೆನ್ನಾಗಿತ್ತು ಎಂದರು.

ಅಮ್ಮನ ಸಮಾಧಾನಕ್ಕೆ ಹಾಗೆಂದನೋ, ನಂಬಿಯೇ ಹೇಳಿದನೋ, ನನಗೆ ಇವತ್ತಿಗೂ ಗೊತ್ತಿಲ್ಲ.