ಭೂರ್ಯಾನ ಉಗುರು

ವಿಜಾಪುರದ ಸ್ಟೇಷನ್ ರಸ್ತೆಯ ಒಂದು ಹತ್ತಿ ಗೋದಾಮಿಗೆ ಲಾಡಲೇಸಾಬ ಕಾವಲುಗಾರನಾಗಿದ್ದ. ರಾತ್ರಿಯಿಡೀ ಅವನ ಜೊತೆ ಸುತ್ತುತ್ತಿದ್ದುದು ಭೂರ್ಯಾ ಎಂಬ ಕಂದು ನಾಯಿ. ಎಪ್ಪತ್ನಾಲ್ಕರ ಮಳೆಗಾಲದಲ್ಲಿ ಲಾಡಲೇಸಾಬನಿಗೆ ಲಕ್ವಾ ಹೊಡೆದು ಬಲಗೈ, ಬಲಗಾಲು ಬಿದ್ದುಹೋದವು, ಮಾತು ತೊದಲಿತು. ಅವನು ಹೊರಸು ಹಿಡಿದ. ನಾಯಿಯನ್ನು ಆ ಹೊರಸಿನ ಕಾಲಿಗೇ ಕಟ್ಟಿದರು.

ಅವನ ಹೆಂಡತಿ ಹುಸೇನಬಿಗೆ ನಾಯಿ ಎಂದರೆ ಆಗದು. ದೂರದಿಂದ ರೊಟ್ಟಿ ಎಸೆದು ಕೈ ತೊಳೆದುಕೊಳ್ಳುತ್ತಿದ್ದಳು. ತಿರುಗಾಟ ನಿಂತ ಮೇಲೆ ಅದರ ಉಗುರುಗಳು ಸವೆಯದೆ ಬೆಳೆದವು. ಮುಂಗಾಲಿನ ಒಳಬದಿಯಲ್ಲಿ, ನೆಲಕ್ಕೆ ತಾಗದ ಹೆಬ್ಬೆರಳಿನ ಉಗುರಂತೂ ಕೊಕ್ಕೆಯಂತೆ ಬಾಗಿ ಮಾಂಸಕ್ಕೆ ನಾಟಿತು. ಮೊದಲು ಅದನ್ನು ಕತ್ತರಿಸುತ್ತಿದ್ದವನು ಲಾಡಲೇಸಾಬನೇ. ಈಗ ಎಡಗೈಯಿಂದ ನಾಯಿಯ ಕಾಲು ತೋರಿಸಿ ತೊದಲುತ್ತಿದ್ದ.

ಕೊನೆಗೆ ಹುಸೇನಬಿ ಬಟ್ಟೆ ಕತ್ತರಿ ತಂದಳು. ಹೆದರಿಕೆಯಲ್ಲಿ ಕಾಲನ್ನು ಬಿಗಿಯಾಗಿ ಹಿಡಿದು, ಬೇಗ ಮುಗಿಯಲೆಂದು ಒಂದು ಉಗುರನ್ನು ಬುಡದ ಹತ್ತಿರವೇ ಕತ್ತರಿಸಿದಳು. ರಕ್ತ ಚಿಮ್ಮಿತು. ಭೂರ್ಯಾ ಚೀರಿ ಹೊರಸಿನ ಅಡಿ ಸೇರಿತು. ಅರಿಶಿನ ಒತ್ತಲು ಹೋದರೆ ಗುರ್ ಎಂದಿತು. ಲಾಡಲೇಸಾಬನ ಕಣ್ಣೀರು ಕಿವಿಗಿಳಿಯಿತು, ಅವನು ಒರೆಸಿಕೊಳ್ಳಲಿಲ್ಲ.

"ನನ್ನ ಕಡಿಂದ ಆಗೂದಿಲ್ರಿ," ಎಂದಳು.

"ತುದಿ," ಎಂದು ಅವನು ತೊದಲಿದ. "ತುದಿ ಅಷ್ಟ."

ಮರುದಿನ ಅವಳು ಕತ್ತರಿ ಮುಟ್ಟಲಿಲ್ಲ. ರೊಟ್ಟಿಯ ತುಣುಕು ಹಿಡಿದು ಹತ್ತಿರ ಕೂತಳು. ಕಾಲು ಸವರಿದಳು, ಬಿಟ್ಟಳು. ದಿನವೂ ಅಷ್ಟೇ. ನಾಯಿ ಕಾಲು ಎಳೆದುಕೊಳ್ಳುವುದನ್ನು ಬಿಟ್ಟ ಮೇಲೆ, ಬೆಚ್ಚಗಿನ ನೀರಲ್ಲಿ ಪಂಜ ನೆನೆಸಿ, ಗಂಡನ ಟ್ರಂಕಿನಲ್ಲಿ ಸಿಕ್ಕ ಗಿಡ್ಡ ಕತ್ತರಿಯಿಂದ ಅಕ್ಕಿಕಾಳಿನಷ್ಟು ತುದಿ ತೆಗೆದಳು. ಕರಿ ಉಗುರಿನೊಳಗಿನ ರಕ್ತನಾಳ ಹೊರಗೆ ಕಾಣದು. ಕತ್ತರಿಸಿದ ಜಾಗದ ನಡುವೆ ಹಸಿ ಚುಕ್ಕೆ ಕಂಡರೆ ಅಲ್ಲಿಗೇ ನಿಲ್ಲಿಸಬೇಕೆಂದು ಅವನು ತಡೆತಡೆದು ಹೇಳಿಕೊಟ್ಟ. ನಾಟಿದ ಉಗುರು ಹೊರಬಂದ ದಿನ ಅವನ ಮುಖದ ಎಡಭಾಗ ನಕ್ಕಿತು.

ಆ ಚಳಿಗಾಲ ಮತ್ತೊಮ್ಮೆ ಲಕ್ವಾ ಬಂತು. ಈ ಸಲ ಅವನು ಉಳಿಯಲಿಲ್ಲ.

ಗಂಡ ಸತ್ತವಳು ಮನೆಯಲ್ಲೇ ಕಳೆಯಬೇಕಾದ ಇದ್ದತ್ ಮುಗಿದ ಮೇಲೆ, ಹುಸೇನಬಿಯನ್ನು ಕರೆಯಲು ತವರೂರು ತಿಕೋಟಾದಿಂದ ತಮ್ಮ ಜಿಲಾನಿ ಬಂದ. "ನಾಯಿ ಬ್ಯಾಡ ಆಪಾ, ಮನ್ಯಾಗ ಕೂಸುಗಳದಾವ."

ಅವಳು ಗಂಟು ಕಟ್ಟಿದಳು. ಗೋದಾಮಿನ ಹೊಸ ಕಾವಲುಗಾರ ಮೌಲಾಸಾಬನ ಕೈಗೆ ಹಗ್ಗ ಕೊಟ್ಟಳು. "ಆಗಾಗ ಉಗುರ ನೋಡ್ರಿ. ಒಮ್ಮೆಲೆ ತಗೀಬ್ಯಾಡ್ರಿ." ಅವನು ಹೂಂ ಎಂದ, ಕಣ್ಣು ಲಾರಿಯ ಕಡೆಗಿತ್ತು.

ಮಳೆಗಾಲ ಕಳೆದು, ಗಂಡನ ಗೋರಿಗೆ ಹೂ ಹಾಕಲು ಬಂದವಳು ಗೋದಾಮಿಗೂ ಹೋದಳು. ಗೇಟಿಗೆ ಕಟ್ಟಿದ್ದ ಭೂರ್ಯಾ ಮೂರು ಕಾಲಲ್ಲಿ ಎದ್ದು ನಿಂತಿತು. ಅದೇ ಉಗುರು ಮತ್ತೆ ನಾಟಿ ಕೀವಾಗಿತ್ತು.

"ಅದರ ಕಾಲ ಯಾರ ಮುಟ್ಟತಾರ್ರಿ, ಕಡ್ಯಾಕ ಬರ್ತೈತಿ," ಎಂದ ಮೌಲಾಸಾಬ.

ಹುಸೇನಬಿ ಪಕ್ಕದ ಕ್ಷೌರಿಕನಿಂದ ಕತ್ತರಿ ಬೇಡಿ ತಂದು ನೆಲದ ಮೇಲೆ ಕೂತಳು. ಉಗುರು ತೆಗೆದು ಕೀವು ತೊಳೆಯುವಷ್ಟರಲ್ಲಿ ತಿಕೋಟಾದ ಬಸ್ಸು ಹೋಗಿತ್ತು. ಹಗ್ಗ ಬಿಚ್ಚಿ, ಭೂರ್ಯಾನನ್ನು ನಡೆಸಿಕೊಂಡು, ಗಂಡನೊಂದಿಗೆ ಬಾಡಿಗೆಗಿದ್ದ ಕೋಣೆಯ ಒಡತಿ ಕಾಶಿಬಾಯಿಯ ಬಾಗಿಲಿಗೆ ಹೋದಳು.

"ಖೋಲಿ ಖಾಲಿ ಐತೇನ್ರಿ?"

"ಒಬ್ಬಾಕಿನ ಹ್ಯಾಂಗ ಇರ್ತಿ ಬೇ?"

"ಇರ್ತೀನ್ರಿ."

ಖಾನಾವಳಿಯೊಂದರಲ್ಲಿ ರೊಟ್ಟಿ ಬಡಿಯಲು ಸೇರಿದಳು. ನಾಯಿಗೋಸ್ಕರ ತವರು ಬಿಟ್ಟಳೆಂದು ಜಿಲಾನಿ ಮಾತು ಬಿಟ್ಟ. ಭೂರ್ಯಾನ ಕಾಲು ಪೂರ್ತಿ ಮಾಯಲಿಲ್ಲ. ಬೇಸಿಗೆಗೆ ಮೊದಲೇ ಅದು ಸತ್ತಿತು. ಹುಸೇನಬಿ ತಿಕೋಟಾಕ್ಕೆ ಮರಳಲಿಲ್ಲ. ಕರೆಯಲು ಯಾರೂ ಬರಲಿಲ್ಲ.